‘ಸೆಕೆಂಡ್ ಹಾಫ್ ಲ್ಯಾಗ್’ ಅಂತ ಎಡಿಟರ್‌ಗೆ ಬೈಯುವ ಮುಂಚೆ

ಥಿಯೇಟರ್ ಮುಂದೆ ಮೈಕ್ ಹಿಡಿದು ನಿಂತ ಯೂಟ್ಯೂಬ್‌ನವರಿಗೆ ಜನ ಕೊಡುವ ಅಭಿಪ್ರಾಯದಲ್ಲಿ ಎಡಿಟರ್ ಬರುವುದು ಒಂದೇ ಕಡೆ. "ಫಸ್ಟ್ ಹಾಫ್ ಸೂಪರ್ ಗುರು, ಸೆಕೆಂಡ್ ಹಾಫ್ ಲ್ಯಾಗ್, ಎಡಿಟರ್ ಇನ್ನೊಂದು ಇಪ್ಪತ್ತು ನಿಮಿಷ ಕತ್ತರಿ ಹಾಕಬೇಕಿತ್ತು." ಸಿನಿಮಾ ಚೆನ್ನಾಗಿದ್ದರೆ ಹೀರೋನ ಹೊಗಳುತ್ತಾರೆ, ಕ್ಯಾಮೆರಾ, ಮ್ಯೂಸಿಕ್ ಹೊಗಳುತ್ತಾರೆ. ಎಡಿಟರ್ ನೆನಪಾಗುವುದು ಬೋರಾದಾಗ ಮಾತ್ರ.

ಈ ಮಾತಿನ ಹಿಂದೆ ಎರಡು ನಂಬಿಕೆ ಇವೆ. ಎಡಿಟರ್ ಕೆಲಸ ಅಂದರೆ ಬೇಡದ್ದನ್ನು ತೆಗೆಯುವುದು. ಲ್ಯಾಗ್ ಅಂದರೆ ಉದ್ದ ಜಾಸ್ತಿ ಆಗಿರುವುದು. ಎರಡೂ ಪೂರ್ತಿ ನಿಜ ಅಲ್ಲ. ಮೂರು ಗಂಟೆಯ ಸಿನಿಮಾ ಮುಗಿದದ್ದೇ ಗೊತ್ತಾಗದ ಹಾಗೆ ಓಡಿದ್ದೂ ಇದೆ, ನೂರು ನಿಮಿಷದ ಸಿನಿಮಾದಲ್ಲಿ ಮತ್ತೆ ಮತ್ತೆ ಮೊಬೈಲ್ ತೆಗೆದು ಟೈಮ್ ನೋಡಿದ್ದೂ ಇದೆ, ಅಲ್ವಾ? ಹಾಗಾದರೆ ಎಡಿಟಿಂಗ್ ರೂಮಿನಲ್ಲಿ ನಿಜವಾಗಿ ಏನು ನಡೆಯುತ್ತದೆ ಅಂತ ಒಂದು ದೃಶ್ಯ ಇಟ್ಟುಕೊಂಡೇ ನೋಡೋಣ. ಇದು ಯಾವ ಸಿನಿಮಾದ್ದೂ ಅಲ್ಲ, ಸುಮ್ನೆ ಕಲ್ಪಿಸಿಕೊಂಡದ್ದು.

ಮಂಡ್ಯದ ಕಡೆ ಒಂದು ಹಳ್ಳಿ. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ಮಗ ಊರಿಗೆ ಬಂದಿದ್ದಾನೆ. ಜಗಲಿ ಮೇಲೆ ಅಪ್ಪ ಕೂತಿದ್ದಾರೆ. ಅಮ್ಮ ಒಳಬಾಗಿಲ ಹತ್ತಿರ ನಿಂತಿದ್ದಾರೆ. ಮಗ ಹೇಳುತ್ತಾನೆ, "ಅಪ್ಪ, ಕೆರೆ ಪಕ್ಕದ ಎರಡು ಎಕರೆ ಮಾರಿಬಿಡೋಣ." ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳುತ್ತಾರೆ, "ನಿನ್ನಿಷ್ಟ ಕಣಪ್ಪ."

ಸ್ಕ್ರಿಪ್ಟ್‌ನಲ್ಲಿ ಇದು ನಾಲ್ಕು ಸಾಲು. ಶೂಟಿಂಗ್‌ನಲ್ಲಿ ಏನಾಗುತ್ತದೆ ಅಂದರೆ, ಮೂವರೂ ಕಾಣುವ ಹಾಗೆ ದೂರದಿಂದ ಒಂದು ಶಾಟ್ ತೆಗೆಯುತ್ತಾರೆ, ಇದಕ್ಕೆ ಮಾಸ್ಟರ್ ಅನ್ನುತ್ತಾರೆ. ಆಮೇಲೆ ಮಗನ ಭುಜದ ಹಿಂದಿನಿಂದ ಅಪ್ಪ, ಅಪ್ಪನ ಭುಜದ ಹಿಂದಿನಿಂದ ಮಗ. ಆಮೇಲೆ ಇಬ್ಬರ ಕ್ಲೋಸಪ್. ಅಮ್ಮನದ್ದು ಒಂದು. ಅಪ್ಪನ ಕೈಯಲ್ಲಿ ಆರಿಹೋದ ಕಾಫಿ ಲೋಟದ್ದು ಒಂದು. ಪ್ರತಿ ಶಾಟ್‌ನಲ್ಲೂ ಇಡೀ ದೃಶ್ಯವನ್ನು ಮತ್ತೆ ಮತ್ತೆ ನಟಿಸಿರುತ್ತಾರೆ, ಪ್ರತಿಯೊಂದಕ್ಕೂ ನಾಲ್ಕೈದು ಟೇಕ್. ಒಂದು ನಿಮಿಷದ ದೃಶ್ಯಕ್ಕೆ ಎಡಿಟರ್ ಟೇಬಲ್‌ಗೆ ಅರ್ಧ ಗಂಟೆಯಷ್ಟು ರಶಸ್, ಅಂದರೆ ಶೂಟ್ ಆದ ಕಚ್ಚಾ ಫುಟೇಜ್, ಬರುವುದು ಏನೂ ವಿಶೇಷ ಅಲ್ಲ.

ಈಗ ಎಡಿಟರ್ ಮುಂದೆ ಇರುವ ಪ್ರಶ್ನೆ ಯಾವುದನ್ನು ಬಿಸಾಕಲಿ ಅನ್ನುವುದಲ್ಲ. "ನಿನ್ನಿಷ್ಟ ಕಣಪ್ಪ" ಅನ್ನುವಾಗ ನೋಡುವವರು ಯಾರ ಮುಖ ನೋಡುತ್ತಿರಬೇಕು ಅನ್ನುವುದು. ಅಪ್ಪನ ಮುಖ ಇಟ್ಟರೆ ಅದು ಅಪ್ಪನ ಸೋಲು. ಅಪ್ಪನ ದನಿ ಮಾತ್ರ ಕೇಳಿಸಿ ತೆರೆಯ ಮೇಲೆ ಮಗನ ಮುಖ ಇದ್ದರೆ ಅದು ಮಗನ ಅಪರಾಧಿ ಭಾವ. ಅಮ್ಮನ ಮುಖ ಇಟ್ಟರೆ, ಇದು ಈ ಮನೆಯಲ್ಲಿ ಮೊದಲ ಸಲ ಆಗುತ್ತಿರುವ ಮಾತಲ್ಲ ಅನ್ನುವುದು ಒಂದು ಅಕ್ಷರ ಡೈಲಾಗ್ ಇಲ್ಲದೆ ಗೊತ್ತಾಗಿಬಿಡುತ್ತದೆ. ಮಾತು ಅದೇ, ನಟನೆ ಅದೇ, ಅದೇ ದಿನ ತೆಗೆದದ್ದು. ಕಥೆ ಮಾತ್ರ ಮೂರು ಆಯಿತು.

ಮುಖ ಒಬ್ಬರದ್ದು, ದನಿ ಇನ್ನೊಬ್ಬರದ್ದು ಇರುವ ಈ ಜೋಡಣೆಗೆ ಎಲ್-ಕಟ್, ಜೆ-ಕಟ್ ಅಂತ ಹೆಸರಿವೆ. ಕಟ್ ಅಂದರೆ ಒಂದು ಶಾಟ್ ಮುಗಿದು ಇನ್ನೊಂದು ಶುರುವಾಗುವ ಜಾಗ. ಮೊದಲ ಶಾಟ್‌ನ ದನಿ ಮುಂದಿನ ಶಾಟ್ ಮೇಲೂ ಹರಿದರೆ ಎಲ್, ಮುಂದಿನ ಶಾಟ್‌ನ ದನಿ ಚಿತ್ರಕ್ಕಿಂತ ಮೊದಲೇ ಬಂದರೆ ಜೆ. ಎಡಿಟಿಂಗ್ ಸಾಫ್ಟ್‌ವೇರ್‌ನಲ್ಲಿ ಶಾಟ್‌ಗಳನ್ನು ಸಾಲಾಗಿ ಜೋಡಿಸುವ ಟೈಮ್‌ಲೈನ್ ಮೇಲೆ ಚಿತ್ರದ ಪಟ್ಟಿ ಮತ್ತು ದನಿಯ ಪಟ್ಟಿ ಆ ಆಕಾರದಲ್ಲಿ ಕಾಣುತ್ತವೆ ಅನ್ನುವುದಕ್ಕೆ ಆ ಹೆಸರು. ಮಾತಾಡುವವರ ಮುಖಕ್ಕೇ ಪ್ರತಿ ಸಲ ಕಟ್ ಮಾಡುತ್ತಾ ಹೋದರೆ ಟೆನಿಸ್ ಮ್ಯಾಚ್ ನೋಡಿದ ಹಾಗಿರುತ್ತದೆ. ನಮ್ಮ ಎಷ್ಟೋ ಧಾರಾವಾಹಿಗಳು ಹೀಗೇ ಇರುವುದಕ್ಕೆ ಎಡಿಟರ್‌ಗೆ ಗೊತ್ತಿಲ್ಲ ಅಂತಲ್ಲ, ದಿನಕ್ಕೊಂದು ಕಂತು ಕೊಡಬೇಕಾದವರಿಗೆ ಯೋಚಿಸುವಷ್ಟು ಸಮಯ ಇರುವುದಿಲ್ಲ.

ಈಗ ಲ್ಯಾಗ್ ವಿಷಯಕ್ಕೆ ಬರೋಣ. ಈ ದೃಶ್ಯದಲ್ಲಿ ನೋಡುವವರ ತಲೆಯಲ್ಲಿರುವ ಪ್ರಶ್ನೆ ಒಂದೇ: ಅಪ್ಪ ಒಪ್ಪುತ್ತಾರಾ? "ನಿನ್ನಿಷ್ಟ ಕಣಪ್ಪ" ಅಂದ ಕ್ಷಣ ಉತ್ತರ ಸಿಕ್ಕಿತು. ಅದಾದ ಮೇಲೆ ಮಗ ಅಪಾರ್ಟ್‌ಮೆಂಟ್ ಬೆಲೆ ವಿವರಿಸಿ, ಅಮ್ಮ ಸೆರಗಿನಲ್ಲಿ ಕಣ್ಣು ಒರೆಸಿ, ಅಪ್ಪ ಎದ್ದು ನಿಧಾನಕ್ಕೆ ಒಳಗೆ ಹೋಗುವ ತನಕ ತೋರಿಸಿದರೆ ಅದು ಲ್ಯಾಗ್. ನಲವತ್ತೇ ಸೆಕೆಂಡ್ ಇದ್ದರೂ ಲ್ಯಾಗ್. ಯಾಕೆಂದರೆ ಪ್ರಶ್ನೆ ಮುಗಿದ ಮೇಲೂ ದೃಶ್ಯ ಮುಗಿದಿಲ್ಲ.

ಇದರ ಇನ್ನೊಂದು ಮುಖ ಬಹಳ ಜನಕ್ಕೆ ಹೊಳೆಯುವುದಿಲ್ಲ. ಈ ದೃಶ್ಯದ ಮುಂಚೆ ಅಪ್ಪ ಒಬ್ಬರೇ ಆ ಎರಡು ಎಕರೆಯ ಬದುವಿನ ಮೇಲೆ ನಡೆದು ಹೋಗಿ ಮೋಟರ್ ಆನ್ ಮಾಡುವ ಒಂದು ಸಣ್ಣ ದೃಶ್ಯ ಇತ್ತು ಅಂದುಕೊಳ್ಳಿ. ಮಾತಿಲ್ಲ, ಏನೂ ನಡೆಯುವುದಿಲ್ಲ. ಸಿನಿಮಾ ಉದ್ದ ಆಯಿತು ಅಂತ ಗಲಾಟೆ ಶುರುವಾದಾಗ ಮೊದಲು ಬಲಿಯಾಗುವುದು ಇಂಥ ದೃಶ್ಯವೇ. ತೆಗೆದುಬಿಟ್ಟರು. ಸಿನಿಮಾ ಒಂದು ನಿಮಿಷ ಚಿಕ್ಕದಾಯಿತು. ಆದರೆ ಈಗ ಆ ಜಮೀನು ನಮಗೆ ಬರೀ ಒಂದು ಪದ, ಅದನ್ನು ಮಾರಿದರೆ ನಮಗೇನೂ ಆಗುವುದಿಲ್ಲ. ಅಪ್ಪನ ಮೌನಕ್ಕೆ ಅರ್ಥ ಇಲ್ಲ. ಜಗಲಿಯ ದೃಶ್ಯ, ಅದಾದ ಮೇಲಿನ ರಿಜಿಸ್ಟ್ರಾರ್ ಆಫೀಸಿನ ದೃಶ್ಯ, ಎಲ್ಲವೂ ಎಳೆದ ಹಾಗೆ ಅನಿಸಲು ಶುರುವಾಗುತ್ತದೆ. ಕತ್ತರಿ ಹಾಕಿದ್ದರಿಂದಲೇ ಲ್ಯಾಗ್ ಬಂತು! ಸೆಕೆಂಡ್ ಹಾಫ್‌ನಲ್ಲಿ ಬೋರಾಯಿತು ಅಂದವರ ದೂರು ಸುಳ್ಳಲ್ಲ, ಆದರೆ ರೋಗ ಎಷ್ಟೋ ಸಲ ಫಸ್ಟ್ ಹಾಫ್‌ನಲ್ಲಿ ಇರುತ್ತದೆ.

ಇದನ್ನು ಚೆನ್ನಾಗಿ ಬಿಡಿಸಿ ಹೇಳಿದವರು ಅಮೆರಿಕದ ಎಡಿಟರ್ ವಾಲ್ಟರ್ ಮರ್ಚ್. 1943ರಲ್ಲಿ ನ್ಯೂಯಾರ್ಕ್‌ನಲ್ಲಿ ಹುಟ್ಟಿದವರು, ಡೈರೆಕ್ಟರ್ ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ ಜೊತೆ ಬೆಳೆದವರು, ಚಿತ್ರ ಮತ್ತು ಶಬ್ದ ಎರಡರ ಸಂಕಲನವನ್ನೂ ಮಾಡಿದವರು. ಒಂದು ಕಟ್ ಸರಿಯೋ ಇಲ್ಲವೋ ಅಂತ ನೋಡಲು ಅವರು ಆರು ಅಳತೆ ಇಟ್ಟುಕೊಂಡು ಒಂದೊಂದಕ್ಕೂ ತೂಕ ಕೊಟ್ಟರು. ಆ ಕ್ಷಣದ ಭಾವಕ್ಕೆ 51%. ಕಥೆ ಮುಂದೆ ಹೋಗುತ್ತದಾ ಅನ್ನುವುದಕ್ಕೆ 23. ಲಯಕ್ಕೆ 10. ನೋಡುವವರ ಕಣ್ಣು ತೆರೆಯ ಯಾವ ಮೂಲೆಯಲ್ಲಿದೆ ಅನ್ನುವುದಕ್ಕೆ 7. ಉಳಿದ 9ರಲ್ಲಿ 5 ಪರದೆಯ ಮೇಲಿನ ಚಿತ್ರದ ಜೋಡಣೆಗೆ, 4 ಜಾಗದ ಲೆಕ್ಕಕ್ಕೆ. ಅಂದರೆ ಯಾರು ಯಾವ ಕಡೆ ನಿಂತಿದ್ದರು, ಬಾಗಿಲಿಂದ ಎಷ್ಟು ಹೆಜ್ಜೆ ಬಂದರು ಅನ್ನುವಂಥದ್ದಕ್ಕೆ ಕೊಟ್ಟದ್ದು ಬರೀ 4. ಫಿಲ್ಮ್ ಸ್ಕೂಲ್‌ಗಳಲ್ಲಿ ಮೊದಲು ಕಲಿಸುತ್ತಿದ್ದದ್ದು ಈ ಕೊನೆಯದ್ದನ್ನೇ, ಅದನ್ನು ಅವರು ಬೇಕೆಂದೇ ಕೆಳಗೆ ತಳ್ಳಿದರು.

51 ಅನ್ನುವ ಅಂಕಿಯಲ್ಲೇ ತಮಾಷೆ ಇದೆ. ಉಳಿದ ಐದೂ ಸೇರಿದರೂ 49. ಹಿಂದಿನ ಶಾಟ್‌ನಲ್ಲಿ ಲೋಟ ಬಲಗೈಯಲ್ಲಿತ್ತು, ಈ ಶಾಟ್‌ನಲ್ಲಿ ಎಡಗೈಗೆ ಬಂದಿದೆ. ಆದರೆ ಈ ಟೇಕ್‌ನಲ್ಲೇ ಅಪ್ಪನ ಗಂಟಲು ಕಟ್ಟಿದೆ. ಯಾವುದು ಇಡಬೇಕು? ಮರ್ಚ್ ಪ್ರಕಾರ ಗಂಟಲು ಕಟ್ಟಿದ್ದನ್ನೇ. ಭಾವ ಹಿಡಿದುಕೊಂಡಿದ್ದರೆ ಲೋಟ ಯಾರ ಕಣ್ಣಿಗೂ ಬೀಳುವುದಿಲ್ಲ. ಕಂಟಿನ್ಯುಟಿ ತಪ್ಪು ಹುಡುಕಿ ವಿಡಿಯೋ ಮಾಡುವವರು ಪಾಜ್ ಒತ್ತಿ ನೋಡುತ್ತಾರೆ, ಥಿಯೇಟರ್‌ನಲ್ಲಿ ಪಾಜ್ ಬಟನ್ ಇಲ್ಲ.

ಕಣ್ಣು ಮಿಟುಕಿಸುವ ಬಗ್ಗೆಯೂ ಅವರು ಗಮನಿಸಿದ್ದು ಸ್ವಾರಸ್ಯವಾಗಿದೆ. 1974ರಲ್ಲಿ ಬಂದ ಕೊಪ್ಪೊಲಾ ಅವರ ‘ದಿ ಕಾನ್ವರ್ಸೇಷನ್’ ಎಡಿಟ್ ಮಾಡುವಾಗ ಒಂದು ವಿಷಯ ಕಂಡಿತು. ಶಾಟ್ ಇಲ್ಲಿ ಮುಗಿಯಬೇಕು ಅಂತ ಅವರು ನಿರ್ಧರಿಸಿದ ಜಾಗಕ್ಕೆ ತೀರಾ ಹತ್ತಿರದಲ್ಲೇ ನಾಯಕ ನಟ ಜೀನ್ ಹ್ಯಾಕ್‌ಮನ್ ಕಣ್ಣು ಮಿಟುಕಿಸುತ್ತಿದ್ದರು. ಒಂದು ಸಲ ಅಲ್ಲ, ಮತ್ತೆ ಮತ್ತೆ. ಮನುಷ್ಯ ಒಂದು ಯೋಚನೆ ಮುಗಿದು ಇನ್ನೊಂದಕ್ಕೆ ಹೋಗುವಾಗ ಕಣ್ಣು ಮಿಟುಕಿಸುತ್ತಾನೆ, ಒಳ್ಳೆಯ ನಟ ಪಾತ್ರದ ಯೋಚನೆಯನ್ನೇ ಮಾಡುತ್ತಿರುತ್ತಾನೆ, ಹಾಗಾಗಿ ಅವನ ಮಿಟುಕು ಪಾತ್ರದ್ದೇ ಮಿಟುಕು ಅನ್ನುವುದು ಅವರ ವಾದ. ಇದು ವಿಜ್ಞಾನದ ನಿಯಮ ಅಂತ ನಾನು ಹೇಳುವುದಿಲ್ಲ. ಆದರೆ ಯಾರ ಜೊತೆಯಾದರೂ ಮಾತಾಡುತ್ತಾ ಅವರ ಕಣ್ಣು ನೋಡಿ, ನಿಮ್ಮ ಮಾತು ಅವರಿಗೆ ಅರ್ಥವಾದ ಕ್ಷಣ ಗೊತ್ತಾಗುತ್ತದೆ.

ಅದೇ ಸಿನಿಮಾದಲ್ಲಿ ಇನ್ನೊಂದು ಸಂಗತಿ ಇದೆ, ನೋಡಿಲ್ಲದವರು ಈ ಪ್ಯಾರಾ ಬಿಟ್ಟು ಮುಂದೆ ಹೋಗಿ. ಕದ್ದು ಕೇಳಿಸಿಕೊಳ್ಳುವುದೇ ಕೆಲಸವಾದ ಒಬ್ಬ, ಪಾರ್ಕಿನಲ್ಲಿ ಓಡಾಡುವ ಜೋಡಿಯ ಮಾತನ್ನು ಟೇಪ್ ಮಾಡುತ್ತಾನೆ. ಅದರಲ್ಲಿ ಒಂದು ಸಾಲು: ಅವಕಾಶ ಸಿಕ್ಕರೆ ಅವನು ನಮ್ಮನ್ನು ಕೊಂದುಬಿಡುತ್ತಾನೆ. ಒತ್ತು "ಕೊಂದು" ಮೇಲೆ ಇದ್ದಾಗ ಆ ಜೋಡಿ ಪಾಪ ಅನಿಸುತ್ತದೆ. ನಟ ಒಂದು ಸಲ ಒತ್ತನ್ನು "ನಮ್ಮನ್ನು" ಮೇಲೆ ಹಾಕಿ ಹೇಳಿದ್ದ. ಆಗ ಅರ್ಥ ತಿರುಗಿ ಬೀಳುತ್ತದೆ, ಅವನು ನಮ್ಮನ್ನು ಕೊಲ್ಲುವ ಮುಂಚೆ ನಾವೇ ಕೈಹಾಕಬೇಕು ಅಂತ. ತಪ್ಪಾಗಿ ಹೇಳಿದ್ದು ಅಂತ ಪಕ್ಕಕ್ಕಿಟ್ಟಿದ್ದ ಆ ಟೇಕನ್ನು ಮರ್ಚ್ ಕೊನೆಗೆ ಹುಡುಕಿ ತೆಗೆದು ಸಿನಿಮಾದ ಅಂತ್ಯದಲ್ಲಿ ಹಾಕಿದರು. ಕೊಪ್ಪೊಲಾ ಆಗ ತಮ್ಮ ಮುಂದಿನ ಸಿನಿಮಾದ ಕೆಲಸಕ್ಕೆ ಹೋಗಿದ್ದರು, ಸ್ಕ್ರಿಪ್ಟ್‌ನ ಒಂದಷ್ಟು ಪುಟ ಶೂಟ್ ಆಗಿಯೇ ಇರಲಿಲ್ಲ. ಇರುವ ತುಣುಕುಗಳಲ್ಲೇ ಕಥೆ ಕಟ್ಟಬೇಕಿತ್ತು. ಎಡಿಟಿಂಗ್ ಅಂದರೆ ಸ್ಕ್ರಿಪ್ಟ್‌ನ ಕೊನೆಯ ಕರಡು ಅನ್ನುತ್ತಾರಲ್ಲ, ಅದು ಇಲ್ಲಿ ಅಕ್ಷರಶಃ ನಿಜ.

ಕೆಲಸದ ಗಾತ್ರ ಎಷ್ಟು ಅಂತ ತಿಳಿಯಲು ಕೊಪ್ಪೊಲಾ ಅವರದ್ದೇ ‘ಅಪೋಕ್ಯಾಲಿಪ್ಸ್ ನೌ’ ಲೆಕ್ಕ ನೋಡಿ. 35 ಎಂಎಂ ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. ಆ ಸಿನಿಮಾಗೆ ಶೂಟ್ ಆದದ್ದು ಸುಮಾರು 12 ಲಕ್ಷ 50 ಸಾವಿರ ಅಡಿ, 230 ಗಂಟೆ ಮೀರಿದ ರಶಸ್. ಆ ಫಿಲ್ಮನ್ನು ಬೆಂಗಳೂರಿಂದ ಮಂಗಳೂರಿಗೆ ಹಾಸಿದರೂ ಮಿಕ್ಕುತ್ತದೆ. 1979ರಲ್ಲಿ ಬಿಡುಗಡೆಯಾದಾಗ ಉಳಿದದ್ದು ಸುಮಾರು ಎರಡು ಗಂಟೆ 25 ನಿಮಿಷ. ಅಂದರೆ ತೆರೆಗೆ ಬಂದ ಪ್ರತಿ ಒಂದು ನಿಮಿಷಕ್ಕೆ ಸುಮಾರು 95 ನಿಮಿಷ ಹೊರಗೆ. ಹಲವು ಎಡಿಟರ್‌ಗಳು ಸೇರಿ ಮಾಡಿದ ಈ ಕೆಲಸದಲ್ಲಿ, ಕೊನೆಗೆ ಸಿನಿಮಾದಲ್ಲಿ ಉಳಿದ ಕಟ್‌ಗಳನ್ನು ದಿನಗಳಿಂದ ಭಾಗಿಸಿ ಮರ್ಚ್ ಲೆಕ್ಕ ಹಾಕಿದರು. ಒಬ್ಬ ಎಡಿಟರ್‌ಗೆ ದಿನಕ್ಕೆ 1.47 ಕಟ್ ಬಂತು. ಬೆಳಗ್ಗೆಯಿಂದ ರಾತ್ರಿವರೆಗೆ ಕೂತು ಒಂದೂವರೆ ಕಟ್! ಉಳಿದ ಸಮಯವೆಲ್ಲ ಹೋದದ್ದು ಹಾಕಿ ನೋಡಿ ತೆಗೆದ ದಾರಿಗಳಿಗೆ.

ಆಗ ಒಂದು ಕಟ್ ಬದಲಿಸುವುದು ಅಂದರೆ ಕೈಕೆಲಸ. ಮೂವಿಯೋಲಾ ಅಥವಾ ಸ್ಟೀನ್‌ಬೆಕ್ ಯಂತ್ರದಲ್ಲಿ ಪಾಸಿಟಿವ್, ಅಂದರೆ ಮೂಲ ನೆಗೆಟಿವ್‌ನಿಂದ ತೆಗೆದ ಪ್ರಿಂಟ್, ಓಡಿಸಿ, ಮೇಣದ ಪೆನ್ಸಿಲ್‌ನಲ್ಲಿ ಗುರುತು ಹಾಕಿ, ಕತ್ತರಿಸಿ, ಟೇಪ್ ಅಂಟಿಸಿ, ಮಿಕ್ಕ ತುಣುಕಿಗೆ ನಂಬರ್ ಬರೆದು ಬಿನ್ ಅನ್ನುವ ಡಬ್ಬದಲ್ಲಿ ನೇತುಹಾಕಬೇಕು. ಆರು ಫ್ರೇಮ್‌ನ ತುಣುಕು ಕಳೆದುಹೋದರೆ ಸಹಾಯಕನ ಗತಿ ಮುಗಿಯಿತು. ಎಲ್ಲ ಒಪ್ಪಿಗೆ ಆದ ಮೇಲೆ ಅಂಚಿನ ನಂಬರ್ ನೋಡಿಕೊಂಡು ನೆಗೆಟಿವ್ ಕತ್ತರಿಸುತ್ತಿದ್ದರು, ಅಲ್ಲಿ ತಪ್ಪಿದರೆ ವಾಪಸ್ ಇಲ್ಲ. ನಮ್ಮ ಕನ್ನಡ ಸಿನಿಮಾಗಳ ಈ ಕೆಲಸ ಬಹಳ ಕಾಲ ನಡೆದದ್ದು ಮದ್ರಾಸಿನಲ್ಲಿ. ಈಗ ಒಂದು ಕೀ ಒತ್ತಿದರೆ ಹಿಂದಕ್ಕೆ ಬರುತ್ತದೆ. ಮರ್ಚ್ ಅವರೇ ‘ದಿ ಇಂಗ್ಲಿಷ್ ಪೇಷಂಟ್’ ಮಾಡುವಾಗ ಫಿಲ್ಮ್‌ನಿಂದ ಅವಿಡ್ ಕಂಪ್ಯೂಟರ್‌ಗೆ ಬದಲಾದರು. ಕಂಪ್ಯೂಟರ್‌ನಲ್ಲಿ ಎಡಿಟ್ ಆಗಿ ಸಂಕಲನಕ್ಕೆ ಆಸ್ಕರ್ ಪಡೆದ ಮೊದಲ ಸಿನಿಮಾ ಅದೇ. ಅದೇ ಸಿನಿಮಾದ ಶಬ್ದಕ್ಕೂ ಅವರಿಗೆ ಆಸ್ಕರ್ ಬಂತು.

ಅವರ ಒಂದು ಅಭ್ಯಾಸ ನನಗೆ ತುಂಬಾ ಇಷ್ಟ. ಮಾನಿಟರ್ ಕೆಳಗಡೆ ಕಾಗದದಲ್ಲಿ ಕತ್ತರಿಸಿದ ಪುಟ್ಟ ಗಂಡು, ಹೆಣ್ಣು ಬೊಂಬೆ ಅಂಟಿಸಿರುತ್ತಿದ್ದರು. ಆ ಬೊಂಬೆಯ ಅಳತೆಗೆ ಮಾನಿಟರ್ ಥಿಯೇಟರ್ ಪರದೆಯಷ್ಟು ದೊಡ್ಡದಾಗಿ ಕಾಣುತ್ತದೆ. ಸಣ್ಣ ಸ್ಕ್ರೀನ್‌ನಲ್ಲಿ ನೋಡುವಾಗ ಕಣ್ಣಿಗೆ ಎಲ್ಲವೂ ಬೇಗ ಸಿಗುತ್ತದೆ, ಹಾಗಾಗಿ ಬೇಗ ಬೇಗ ಕಟ್ ಮಾಡಬೇಕು ಅನಿಸುತ್ತದೆ, ಕ್ಲೋಸಪ್ ಜಾಸ್ತಿ ಬೇಕು ಅನಿಸುತ್ತದೆ. ದೊಡ್ಡ ಪರದೆಗೆ ಬಂದಾಗ ಆ ಅವಸರವೇ ತಲೆನೋವಾಗುತ್ತದೆ. ಇವತ್ತಿನ ಫೈಟ್‌ಗಳಲ್ಲಿ ಯಾರು ಯಾರಿಗೆ ಹೊಡೆದರು ಅಂತ ಗೊತ್ತಾಗದೇ ಇರುವುದಕ್ಕೆ ಇದೂ ಒಂದು ಕಾರಣ ಅಂತ ನನ್ನ ಅನುಮಾನ. ಕಟ್ ಜಾಸ್ತಿ ಇದ್ದರೆ ಎಡಿಟಿಂಗ್ ಚೆನ್ನಾಗಿದೆ ಅನ್ನುವ ಭ್ರಮೆ ಪ್ರಶಸ್ತಿ ಕೊಡುವವರಿಗೂ ಇದೆ.

ನಮ್ಮ ಕಡೆಯ ಎಡಿಟರ್‌ಗೆ ಹಾಲಿವುಡ್‌ನವರಿಗೆ ಇಲ್ಲದ ಒಂದು ಕಷ್ಟ ಇದೆ, ಇಂಟರ್ವಲ್. ಸಿನಿಮಾದ ಮಧ್ಯೆ ಜನ ಎದ್ದು ಹೋಗಿ ಪಾಪ್‌ಕಾರ್ನ್ ತಂದು, ಮೆಸೇಜ್ ನೋಡಿ, ಮತ್ತೆ ಕೂರುತ್ತಾರೆ. ಅವರು ವಾಪಸ್ ಬರಲಿ ಅಂತ ಇಂಟರ್ವಲ್‌ಗೆ ಒಂದು ದೊಡ್ಡ ಹೊಡೆತ ಕೊಡಬೇಕು. ಆ ಹೊಡೆತ ಎಷ್ಟು ದೊಡ್ಡದೋ ಅದಾದ ಮೇಲೆ ಕಥೆ ಹೇಳುವುದು ಅಷ್ಟು ಕಷ್ಟ. ಹೊಡೆತದ ವಿವರಣೆಗೆ ಫ್ಲಾಶ್‌ಬ್ಯಾಕ್ ಬರುತ್ತದೆ, ಪ್ರೇಕ್ಷಕರ ಮನಸ್ಸು ಇನ್ನೂ ಹೊರಗಿರುತ್ತದೆ. ಸೆಕೆಂಡ್ ಹಾಫ್ ಲ್ಯಾಗ್‌ನ ದೊಡ್ಡ ಪಾಲು ಇದು. ಇಂಟರ್ವಲ್ ಜಾಗವನ್ನು ಐದು ನಿಮಿಷ ಹಿಂದೆ ಮುಂದೆ ಮಾಡಿದರೆ ಇಡೀ ಸಿನಿಮಾ ಬೇರೆಯಾಗುತ್ತದೆ. ಡೈರೆಕ್ಟರ್ ಮತ್ತು ಎಡಿಟರ್ ಜಾಸ್ತಿ ಜಗಳ ಆಡುವ ಜಾಗಗಳಲ್ಲಿ ಇದೊಂದು.

ಬಿಡುಗಡೆ ಆದ ಮೇಲೆ "ಹದಿನೈದು ನಿಮಿಷ ಟ್ರಿಮ್ ಮಾಡಿದ್ದೇವೆ" ಅಂತ ಪೋಸ್ಟರ್ ಬರುತ್ತದಲ್ಲ, ಅದು ಹೆಚ್ಚಿನ ಸಲ ಗಾಬರಿಯ ಕೆಲಸ. ಪ್ರಿಂಟ್ ಕಾಲದಲ್ಲಿ ಆಪರೇಟರ್ ರೀಲನ್ನೇ ಕತ್ತರಿಸುತ್ತಿದ್ದರು, ಈಗ ಸೆನ್ಸಾರ್ ಮಂಡಳಿಗೆ ತಿಳಿಸಿ ಹೊಸ ಫೈಲ್ ಕಳಿಸುತ್ತಾರೆ. ತೆಗೆಯುವುದು ಸುಲಭವಾದದ್ದನ್ನು, ಅಂದರೆ ಹಾಡು ಅಥವಾ ಮೌನದ ದೃಶ್ಯಗಳನ್ನು, ತೆಗೆಯುತ್ತಾರೆ. ಮೇಲೆ ಹೇಳಿದ ಬದುವಿನ ದೃಶ್ಯದ ಕಥೆಯೇ ಇಲ್ಲೂ ಆಗುತ್ತದೆ.

ಇನ್ನು ಕೆಲಸಕ್ಕೆ ಸೇರುವವರ ವಿಷಯ. ಮೊದಲ ದಿನ ನಿಮಗೆ ಯಾರೂ ಕಟ್ ಮಾಡಲು ಕೊಡುವುದಿಲ್ಲ. ಸಹಾಯಕನ ಕೆಲಸ ಅಂದರೆ ಸೆಟ್‌ನಿಂದ ಬಂದ ಡೇಟಾ ಎರಡು ಮೂರು ಕಡೆ ಕಾಪಿ ಮಾಡುವುದು, ಕ್ಲ್ಯಾಪ್ ನೋಡಿ ಚಿತ್ರಕ್ಕೂ ದನಿಗೂ ಸಿಂಕ್ ಹೊಂದಿಸುವುದು, ಪ್ರಾಕ್ಸಿ ಮಾಡುವುದು ಅಂದರೆ ಭಾರದ ಫೈಲ್‌ಗಳಿಗೆ ಹಗುರವಾದ ನಕಲು ಮಾಡಿಕೊಳ್ಳುವುದು, ದೃಶ್ಯದ ಪ್ರಕಾರ ಫೋಲ್ಡರ್ ಜೋಡಿಸುವುದು. ಎಡಿಟ್ ಲಾಕ್ ಆದ ಮೇಲೆ ಡಬ್ಬಿಂಗ್‌ಗೆ, ಗ್ರಾಫಿಕ್ಸ್‌ಗೆ, ಡಿಐಗೆ ಅಂದರೆ ಬಣ್ಣ ಸರಿಪಡಿಸುವವರಿಗೆ, ರೀ-ರೆಕಾರ್ಡಿಂಗ್‌ಗೆ ಅಂದರೆ ಹಿನ್ನೆಲೆ ಸಂಗೀತಕ್ಕೆ ಬೇರೆ ಬೇರೆ ಫೈಲ್ ಕಳಿಸುವುದು. ಬೇಸರದ ಕೆಲಸ ಅನಿಸುತ್ತದೆ. ಆದರೆ ಎಲ್ಲ ಟೇಕನ್ನೂ ಪೂರ್ತಿ ನೋಡಿದವನು ಆ ರೂಮಿನಲ್ಲಿ ನೀವೊಬ್ಬರೇ ಆಗಿರುವ ಸಾಧ್ಯತೆ ಇದೆ. "ಅಪ್ಪ ತಲೆ ಎತ್ತದ ಒಂದು ಟೇಕ್ ಇತ್ತಲ್ಲ" ಅಂತ ಎಡಿಟರ್ ಕೇಳಿದಾಗ ಮೂರನೆಯದು ಸರ್, ಕೊನೆಯಲ್ಲಿ ಅಂತ ತಕ್ಷಣ ಹೇಳಿದರೆ ನಿಮ್ಮ ಮುಂದಿನ ಸಿನಿಮಾ ಗ್ಯಾರಂಟಿ.

ಓದಿ ಬರುವವರಿಗೆ ಪುಣೆಯ ಸರ್ಕಾರಿ ಫಿಲ್ಮ್ ಸ್ಕೂಲ್ ಎಫ್‌ಟಿಐಐನಲ್ಲಿ ಮೂರು ವರ್ಷದ ಸಂಕಲನದ ಕೋರ್ಸ್ ಇದೆ. ಓದದೆ ಬರುವ ದಾರಿಯೂ ಈಗ ತೆರೆದಿದೆ. 2022ರ ‘ಕೆಜಿಎಫ್ 2’ ಎಡಿಟರ್ ಉಜ್ವಲ್ ಕುಲಕರ್ಣಿ ಯೂಟ್ಯೂಬ್‌ನಲ್ಲಿ ಫ್ಯಾನ್ ಎಡಿಟ್, ಅಂದರೆ ಬಂದ ಸಿನಿಮಾಗಳ ತುಣುಕು ಜೋಡಿಸಿ ಅಭಿಮಾನಿಗಳು ಮಾಡುವ ವಿಡಿಯೋ, ಮಾಡುತ್ತಿದ್ದ ಹುಡುಗ, ಆಗ ವಯಸ್ಸು ಹತ್ತೊಂಬತ್ತರ ಆಸುಪಾಸು. ಆಮೇಲೆ ‘ಸಲಾರ್’ ಕೂಡ ಮಾಡಿದರು. ಇದನ್ನು ನೋಡಿ ಎಲ್ಲರಿಗೂ ಹೀಗೇ ಆಗುತ್ತದೆ ಅಂದುಕೊಂಡರೆ ಕಷ್ಟ. ಫ್ಯಾನ್ ಎಡಿಟ್‌ನಲ್ಲಿ ಕಲಿಯುವುದು ಲಯ, ಬೀಟ್‌ಗೆ ಹೊಡೆಯುವುದು. ಅಪ್ಪನ ಮುಖ ಇನ್ನೂ ಎಷ್ಟು ಸೆಕೆಂಡ್ ಹಿಡಿಯಬೇಕು ಅನ್ನುವುದನ್ನು ಬೇರೆ ಕಡೆ ಕಲಿಯಬೇಕು.

ಈ ಕೆಲಸದಲ್ಲಿ ಬಹಳ ಕಾಲ ಉಳಿಯುವವರು ಯಾರು ಅಂತ ನೋಡಿದರೆ, ಒಬ್ಬ ಡೈರೆಕ್ಟರ್‌ನ ನಂಬಿಕೆ ಗಳಿಸಿದವರೇ ಜಾಸ್ತಿ. ಅಮೆರಿಕದ ಎಡಿಟರ್ ಥೆಲ್ಮಾ ಶೂನ್‌ಮೇಕರ್ 1967ರಲ್ಲಿ ಡೈರೆಕ್ಟರ್ ಮಾರ್ಟಿನ್ ಸ್ಕೋರ್ಸೆಸಿಯ ಮೊದಲ ಸಿನಿಮಾ ಮಾಡಿದರು, ಆಮೇಲೆ ಯೂನಿಯನ್ ಸದಸ್ಯತ್ವದ ತೊಡಕಿನಿಂದ ವರ್ಷಗಟ್ಟಲೆ ಅವರ ಜೊತೆ ಫೀಚರ್ ಸಿನಿಮಾ ಮಾಡಲು ಆಗಲಿಲ್ಲ, 1980ರಿಂದ ಮತ್ತೆ ಒಟ್ಟಿಗೆ ಇದ್ದಾರೆ, ಮೂರು ಆಸ್ಕರ್ ಬಂದಿವೆ. ನಮ್ಮ ಸುರೇಶ್ ಅರಸ್ ಮಣಿರತ್ನಂ ಅವರಿಗೆ ‘ಬಾಂಬೆ’, ‘ಇರುವರ್’, ‘ದಿಲ್ ಸೇ’ ಕಟ್ ಮಾಡಿದರು. ‘ಬಾಂಬೆ’ಗೆ ರಾಷ್ಟ್ರ ಪ್ರಶಸ್ತಿ ಬಂತು. ಕನ್ನಡದವರೇ ಮಾಡಿದ್ದು ಅಂತ ಗೊತ್ತಿರುವವರು ನಮ್ಮಲ್ಲೇ ಕಡಿಮೆ.

ನಂಬಿಕೆ ಯಾಕೆ ಬೇಕು ಅಂದರೆ, ಡೈರೆಕ್ಟರ್‌ಗೆ ಆ ಶಾಟ್ ತೆಗೆಯಲು ಪಟ್ಟ ಪಾಡು ನೆನಪಿರುತ್ತದೆ. ಮಳೆಯಲ್ಲಿ ನಿಂತು, ಕ್ರೇನ್ ತರಿಸಿ, ಪ್ರೊಡ್ಯೂಸರ್ ಹತ್ತಿರ ಬೈಸಿಕೊಂಡು ತೆಗೆದದ್ದು. ನೋಡುವವರಿಗೆ ಅದು ಯಾವುದೂ ಗೊತ್ತಿಲ್ಲ. ಎಡಿಟರ್‌ಗೂ ಗೊತ್ತಿರಬಾರದು. ಅದಕ್ಕೇ ಮರ್ಚ್ ಸೆಟ್‌ಗೆ ಹೋಗುವುದನ್ನು ಆದಷ್ಟು ತಪ್ಪಿಸುತ್ತಿದ್ದರು. ಆ ಶಾಟ್ ಬೇಡ ಅಂತ ಡೈರೆಕ್ಟರ್‌ಗೆ ನೋವಾಗದ ಹಾಗೆ ಹೇಳುವುದಕ್ಕೆ ಸಾಫ್ಟ್‌ವೇರ್ ಇಲ್ಲ. ಅನುಭವಸ್ಥರು ಸಾಮಾನ್ಯವಾಗಿ ವಾದ ಮಾಡುವುದಿಲ್ಲ, ಎರಡು ವರ್ಷನ್ ಮಾಡಿಟ್ಟು ಎರಡನ್ನೂ ತೋರಿಸಿ ಸುಮ್ಮನೆ ಕೂರುತ್ತಾರೆ.

ಕಲಿಯಲು ಶುರು ಮಾಡುವವರಿಗೆ ಡಾವಿಂಚಿ ರಿಸಾಲ್ವ್ ಅನ್ನುವ ಎಡಿಟಿಂಗ್ ಸಾಫ್ಟ್‌ವೇರ್‌ನ ಉಚಿತ ಆವೃತ್ತಿ ಸಾಕು, ಮೊದಲ ದಿನವೇ ಸಾಲ ಮಾಡಿ ಸಿಸ್ಟಮ್ ಕಟ್ಟಿಸಬೇಡಿ. ಶಾರ್ಟ್ ಫಿಲ್ಮ್ ಮಾಡುವ ಗೆಳೆಯರ ಹತ್ತಿರ ಒಂದು ದೃಶ್ಯದ ಕಚ್ಚಾ ಫುಟೇಜ್ ಕೇಳಿ ತನ್ನಿ. ಮೊದಲು ಒಂದು ಪಾತ್ರದ ಕಡೆಯಿಂದ ಕಟ್ ಮಾಡಿ, ಆಮೇಲೆ ಅದನ್ನು ಮುಟ್ಟದೆ ಎದುರಿನ ಪಾತ್ರದ ಕಡೆಯಿಂದ ಇನ್ನೊಂದು ಮಾಡಿ. ಎರಡನ್ನೂ ಸಿನಿಮಾದ ಗೊಡವೆ ಇಲ್ಲದ ಯಾರಿಗಾದರೂ ತೋರಿಸಿ. ಅವರು ಏನು ಹೇಳುತ್ತಾರೆ ಅನ್ನುವುದಕ್ಕಿಂತ ಯಾವ ಜಾಗದಲ್ಲಿ ಮೊಬೈಲ್ ಕಡೆ ಕೈ ಹೋಯಿತು ಅಂತ ಗಮನಿಸಿ, ಆ ಟೈಮ್‌ಕೋಡ್, ಅಂದರೆ ಎಷ್ಟನೇ ನಿಮಿಷ, ಸೆಕೆಂಡ್ ಅನ್ನುವುದನ್ನು ಬರೆದುಕೊಳ್ಳಿ. ಆಮೇಲೆ ಅಲ್ಲಿ ಕತ್ತರಿ ಹಾಕುವ ಮುಂಚೆ ಅದರ ಹಿಂದಿನ ಎರಡು ನಿಮಿಷ ನೋಡಿ.